ಆಯಿಯ ರೊಟ್ಟಿಗೆ ಬೆಣ್ಣೆ ಹಚ್ಚಿದವರು

ಬೆಳಗಾವಿಗೆ ಆಗಾಗ ಒಂದು ಪುಸ್ತಕ ಮೇಳ ಬರುತ್ತದೆ. ಅಲ್ಲಿ ಪುಸ್ತಕಗಳನ್ನು ತಕ್ಕಡಿಗೆ ಹಾಕಿ ತೂಗಿ ಮಾರುತ್ತಾರೆ, ಉಳ್ಳಾಗಡ್ಡಿ ಮಾರಿದ ಹಾಗೆ. ಹೆಚ್ಚಿನವು ಹೊರದೇಶದ ಲೈಬ್ರರಿಗಳು ಬೇಡವೆಂದು ಹೊರಹಾಕಿದ ಇಂಗ್ಲಿಷ್ ಪುಸ್ತಕಗಳು. ಕೆಲವು ವರ್ಷಗಳ ಹಿಂದೆ ನಾನು ಅಲ್ಲಿಂದ ಒಂದು ಚೀಲ ತುಂಬ ಮಕ್ಕಳ ಪುಸ್ತಕ ತಂದೆ. ಕಟಕೋಳದ ಹತ್ತಿರದ ಒಂದು ಹಳ್ಳಿಯ ಪ್ರೌಢಶಾಲೆಯಲ್ಲಿ ನಾನು ಇಂಗ್ಲಿಷ್ ಕಲಿಸುತ್ತೇನೆ, ಮನೆ ರಾಮದುರ್ಗದಲ್ಲಿ. ಪಠ್ಯಪುಸ್ತಕ ಬಿಟ್ಟರೆ ನಮ್ಮ ಮಕ್ಕಳ ಕಣ್ಣಿಗೆ ಬೇರೆ ಇಂಗ್ಲಿಷ್ ಬೀಳುವುದೇ ಇಲ್ಲ. ಚಿತ್ರ ನೋಡಿಯಾದರೂ ನಾಲ್ಕು ಶಬ್ದ ಕಲಿಯಲಿ ಎಂದು ತಂದಿದ್ದೆ, ಅಷ್ಟೇ.

ವಾಪಸು ಬರುವಾಗ ಬಸ್ಸು ಯರಗಟ್ಟಿಯಲ್ಲಿ ಬಹಳ ಹೊತ್ತು ನಿಂತಿತು. ಚೀಲದೊಳಗೆ ಕೈಗೆ ಸಿಕ್ಕ ಒಂದು ಪುಸ್ತಕ ತೆಗೆದೆ. ಮೊದಲ ಪುಟದಲ್ಲಿ ಒಬ್ಬ ಮುದುಕಿ ಒಲೆಯ ಮುಂದೆ ಕೂತು ಎರಡೂ ಅಂಗೈಗಳ ನಡುವೆ ಹಿಟ್ಟು ತಟ್ಟುತ್ತಿದ್ದಾಳೆ. ಪಕ್ಕದ ಹಂಚಿನ ಮೇಲೆ ರೊಟ್ಟಿ ಉಬ್ಬಿದೆ. ಎರಡು ಜಡೆಯ ಮೊಮ್ಮಗಳು ಬಾಯಿ ತೆರೆದು ನೋಡುತ್ತಿದ್ದಾಳೆ. ಮೆಕ್ಸಿಕೋ ಕಡೆಯಿಂದ ಅಮೆರಿಕಕ್ಕೆ ದುಡಿಯಲು ಹೋಗಿ ಅಲ್ಲೇ ನೆಲೆ ನಿಂತ ಒಂದು ಕುಟುಂಬದ ಕತೆ ಅದು. ಅಂಥವರನ್ನು ಅಲ್ಲಿ ಲ್ಯಾಟಿನೋ ಎಂದು ಕರೆಯುತ್ತಾರೆ. ಇಂಗ್ಲಿಷ್ ಸಾಲುಗಳ ನಡುವೆ ನನಗೆ ತಿಳಿಯದ ಶಬ್ದಗಳು ಬರುತ್ತಿದ್ದವು. ‘ಅಬುವೇಲಾ’ ಎಂಬುದು ಪುಟಪುಟದಲ್ಲೂ ಇತ್ತು. ಮೊಬೈಲಿನಲ್ಲಿ ಹುಡುಕಿದೆ. ಸ್ಪ್ಯಾನಿಷ್‌ನಲ್ಲಿ ಅಜ್ಜಿ ಎಂದರ್ಥ. ಬರೆದವಳು ಆ ಅರ್ಥವನ್ನು ಎಲ್ಲೂ ಕೊಟ್ಟಿರಲಿಲ್ಲ. ನಮ್ಮ ಮನೆಯಲ್ಲಿ ಹೀಗೇ ಕರೆಯುತ್ತೇವೆ, ಗೊತ್ತಿಲ್ಲದಿದ್ದರೆ ಕೇಳಿ ತಿಳಿದುಕೊಳ್ಳಿ ಎನ್ನುವ ಧಾಟಿ.

ಖುಷಿಯಾಗಬೇಕಿತ್ತು. ನನಗೆ ಸಿಟ್ಟು ಬಂತು. ಬಸ್ಸಿನಲ್ಲಿ ಕೂತು, ಯಾರ ಮೇಲೆ ಎಂದು ತಿಳಿಯದ ಸಿಟ್ಟು.

ನಾನು ಬೈಲಹೊಂಗಲದಲ್ಲಿ ಸಣ್ಣ ತರಗತಿಯಲ್ಲಿದ್ದಾಗ ‘ನಮ್ಮ ಮನೆ’ ಎಂದು ಪ್ರಬಂಧ ಬರೆದಿದ್ದೆ. ‘ನಮ್ಮ ಆಯಿ ಹೊಲಕ್ಕ ಹೊಕ್ಕಾಳ’ ಎಂದು ಮೊದಲ ಸಾಲು. ಮಾಸ್ತರರು ನನ್ನನ್ನು ನಿಲ್ಲಿಸಿ ಅದನ್ನೇ ಗಟ್ಟಿಯಾಗಿ ಓದಿಸಿದರು. ತರಗತಿ ನಕ್ಕಿತು. “ಆಯಿ ಅಲ್ಲ, ಅಜ್ಜಿ. ಹೊಕ್ಕಾಳ ಅಲ್ಲ, ಹೋಗುತ್ತಾಳೆ. ತಿಳೀತಿಲ್ಲೋ?” ಎಂದರು. ಅದೇ ಮಾಸ್ತರರು ಸಂಜೆ ಪೇಟೆಯಲ್ಲಿ ನಮ್ಮ ಅಪ್ಪನಿಗೆ, “ನಾನೂ ಮನಿಗೇ ಹೊಕ್ಕೇನಿ, ಬರ್ರಿ” ಅನ್ನುತ್ತಿದ್ದರು. ಅಂದಿನಿಂದ ನನ್ನ ಪ್ರಬಂಧಗಳಲ್ಲೆಲ್ಲ ಒಬ್ಬ ಅಜ್ಜಿ ಬಂದಳು. ಆಕೆ ಕತೆ ಹೇಳುತ್ತಿದ್ದಳು, ತಲೆ ನೇವರಿಸುತ್ತಿದ್ದಳು. ನಾನು ಆಕೆಯನ್ನು ಒಮ್ಮೆಯೂ ಕಂಡವಳಲ್ಲ. ನಮ್ಮ ಆಯಿ ಮಂದಿಯ ಹೊಲದಲ್ಲಿ ಕಸ ತೆಗೆದು ಬಂದು, ಎಲೆ ಅಡಿಕೆ ಜಗಿಯುತ್ತ, ಬಾಯಿ ತುಂಬ ಬೈಯುತ್ತ, ನಮಗೆಲ್ಲ ಉಣ್ಣಿಸಿ ಮಲಗುವವಳು. ಆಕೆ ಯಾವ ಪುಸ್ತಕದಲ್ಲೂ ಇರಲಿಲ್ಲ.

ಈಗ ಒಂದು ದೂರದ ದೇಶದಲ್ಲಿ ಯಾವಳೋ ತನ್ನ ಆಯಿಯನ್ನು ಬಣ್ಣದ ಚಿತ್ರ ಹಾಕಿ, ಗಟ್ಟಿ ರಟ್ಟು ಕಟ್ಟಿ, ತಲೆ ಎತ್ತಿ ಪ್ರಕಟಿಸಿದ್ದಾಳೆ. ಅದು ಗೊತ್ತಾಗಲು ನನಗೆ ಈ ವಯಸ್ಸಾಗಬೇಕಾಯಿತು, ಅದೂ ಅಲ್ಲಿಯವರು ಹೊರಗೆಸೆದ ಪುಸ್ತಕದಿಂದ. ಕೊನೆಯ ಪುಟದಲ್ಲಿ ಲೈಬ್ರರಿಯಿಂದ ತೆಗೆದುಹಾಕಲಾಗಿದೆ ಎಂಬ ಕೆಂಪು ಶಿಕ್ಕಾ ಇತ್ತು. ಆ ಮುದುಕಿಯನ್ನೂ ಯಾರೋ ಬೇಡವೆಂದಿದ್ದರು. ಅದನ್ನು ನೋಡಿ ಸಿಟ್ಟು ಇನ್ನಷ್ಟಾಯಿತು.

ಮರುದಿನದಿಂದಲೇ ಎಂಟನೆಯ ತರಗತಿಯಲ್ಲಿ ಓದತೊಡಗಿದೆ. ಇಂಗ್ಲಿಷ್ ಸಾಲು ಓದುವುದು, ಕೂಡಲೇ ನಮ್ಮ ಮಾತಿನಲ್ಲಿ ಹೇಳುವುದು. ಪಠ್ಯದ ಕನ್ನಡಕ್ಕೆ ತಿರುಗಿಸಲೇ ಇಲ್ಲ. “ಅಬುವೇಲಾ ಹಿಟ್ಟ ನಾದಾಕ ಹತ್ತಾಳ” ಎಂದಾಗ ಮಕ್ಕಳು ಮೊದಲು ನಕ್ಕರು. ಟೀಚರ್ ಹೀಗೆ ಮಾತಾಡುತ್ತಾರೆಂದು ಅವರಿಗೆ ಗೊತ್ತಿರಲಿಲ್ಲ. ಆಮೇಲೆ ಮುಂದಕ್ಕೆ ಸರಿದು ಸರಿದು ಕೂತರು.

“ಟೀಚರ್, ಅದು ಯಾ ಹಿಟ್ರಿ?”

“ಗೊಂಜಾಳದ್ದು,” ಎಂದೆ. ಮೆಕ್ಕೆಜೋಳಕ್ಕೆ ನಮ್ಮ ಕಡೆಯ ಹೆಸರು ಅದು.

“ಗೊಂಜಾಳ ರೊಟ್ಟಿ ನಮ್ಮ ಮನ್ಯಾಗೂ ಮಾಡ್ತಾರ್ರಿ! ಇವ್ರು ನಮ್ಮಂಥಾವ್ರ ಅದಾರಲ್ರಿ.”

ಇನ್ನೊಂದು ಪುಸ್ತಕದಲ್ಲಿ ಸತ್ತ ಹಿರಿಯರ ಫೋಟೋ ಮುಂದೆ ಚೆಂಡು ಹೂ ಇಟ್ಟು, ಅವರಿಗೆ ಸೇರುತ್ತಿದ್ದ ಅಡುಗೆ ಬಡಿಸುವ ಹಬ್ಬವಿತ್ತು. ನಮ್ಮ ಮಕ್ಕಳಿಗೆ ಅದನ್ನು ಬಿಡಿಸಿ ಹೇಳುವ ಅಗತ್ಯವೇ ಬೀಳಲಿಲ್ಲ. ನಾವು ಹಿರಿಯರಿಗೆ ಎಡೆ ಹಿಡಿಯುತ್ತೇವಲ್ಲ, ಅದೇ ಎಂದು ತಮ್ಮತಮ್ಮಲ್ಲೇ ತೀರ್ಮಾನ ಮಾಡಿಕೊಂಡರು. ತಮ್ಮ ಮುತ್ತ್ಯಾನಿಗೆ ಸಿಂದಿ ಇಡುತ್ತಾರೆಂದು ಒಬ್ಬ ಹೇಳಿದ. ತರಗತಿಗೆ ತರಗತಿಯೇ ಎದ್ದು ತಮ್ಮ ಮನೆಯ ಎಡೆಯಲ್ಲಿ ಏನೇನಿರುತ್ತದೆ ಎಂದು ಕೂಗಿತು.

ಅದರ ಮುಂದಿನ ವಾರ ಓದಿದ್ದು ಒಂದು ತೆಳ್ಳನೆಯ ಪುಸ್ತಕ. ಅದರಲ್ಲಿ ಒಬ್ಬ ಹುಡುಗಿಯ ಅಪ್ಪ ಅವ್ವ ಊರಿಂದ ಊರಿಗೆ ಹಣ್ಣು ಬಿಡಿಸುವ ಕೂಲಿಗೆ ಹೋಗುತ್ತಾರೆ. ಅಂಗಡಿಯಲ್ಲಿ ಒಬ್ಬ ಗಂಡಸು ಅಪ್ಪನಿಗೆ, ನಿಮ್ಮ ದೇಶಕ್ಕೆ ತಿರುಗಿ ಹೋಗು ಎನ್ನುತ್ತಾನೆ. ಮಗಳು ಅಪ್ಪನ ಕೈ ಹಿಡಿದು ನಿಂತಿರುವ ಚಿತ್ರ. ಆ ಪುಟ ತೋರಿಸಿದಾಗ ಹಿಂದಿನ ಸಾಲಿನ ಒಬ್ಬ ಹುಡುಗಿ ಎದ್ದು ನಿಂತಳು. ಕೇಳಿದ್ದಕ್ಕಷ್ಟೇ ಉತ್ತರ ಕೊಡುವ ಹುಡುಗಿ. ಆಕೆಯ ಅಪ್ಪ ಅವ್ವ ಗೋವಾದಲ್ಲಿ ಕಟ್ಟಡ ಕೆಲಸಕ್ಕಿದ್ದರು. ಆಕೆ ಇಲ್ಲಿ ಆಯಿಯ ಹತ್ತಿರ ಬೆಳೆಯುತ್ತಿದ್ದಳು.

“ನಮ್ಮ ಅಪ್ಪಗೂ ಹಂಗ ಅಂತಾರ್ರಿ ಗೋವಾದಾಗ. ಘಟ್ಟದ ಮ್ಯಾಲಿಂದ ಬಂದಾವ್ರಂತ ಘಾಟಿ ಅಂತ ಬೈತಾರ್ರಿ. ಅದನ್ನ ಇವ್ರು ಪುಸ್ತಕದಾಗ ಬರದಾರೇನ್ರಿ?”

“ಬರದಾರ ನೋಡಲ್ಲಿ.”

“ಬರೀಬಹುದ್ರಿ ಅಂಥಾದ್ದೆಲ್ಲಾ?”

“ಬರಿ. ನೀನೂ ಬರಿ. ನಿಮ್ಮ ಆಯಿ ಹ್ಯಾಂಗ ಮಾತಾಡ್ತಾಳ, ಹಂಗ ಬರಿ” ಎಂದೆ.

ಆಕೆ ಬರೆದು ತಂದಳು. ಹೆಸರು ‘ನಮ್ಮ ಆಯಿ’. ಆ ಬರಹ ನನಗೆ ಬಾಯಿಪಾಠವಾಗಿದೆ. ‘ಆಯಿ ರೊಟ್ಟಿ ಬಡಿಯೂ ಸಪ್ಪಳಕ್ಕ ನಂಗ ಎಚ್ಚರ ಆಕ್ಕೈತಿ. ಗ್ವಾಡಿ ಮಾಡದಾಗ ಬುದ್ಧನ ಫೋಟೋ ಐತಿ, ಆಯಿ ಅದನ್ನ ದಿನಾ ಸೆರಗಲೆ ಒರಸತಾಳ. ಒಣಮೀನ ಸುಟ್ಟ ದಿನ ಓಣ್ಯಾಗಿನ ನಾಯಿ ಎಲ್ಲಾ ಬಂದು ನಮ್ಮ ಬಾಗಲದಾಗ ಕುಂದರತಾವು. ಆಯಿ ಅವಕ್ಕ ಬೈತಾಳ, ಆಮ್ಯಾಲೆ ಮೀನದ ತಲಿ ಒಗಿತಾಳ. ಅಪ್ಪ ಗೋವಾದಾಗ ಅದಾನ. ಅಲ್ಲಿ ಮಂದಿ ಅವಗ ಘಾಟಿ ಅಂತಾರ. ಅಪ್ಪ ಫೋನ್ ಮಾಡಿದಾಗ ಆಯಿ ರೊಟ್ಟಿ ಎತ್ತಿ ಫೋನಿಗೆ ತೋರಸತಾಳ. ಬ್ಯಾಡಬೇ ಅವ್ವಾ, ಹಸಿವ ಆಕ್ಕೈತಿ ಅಂತಾನ ಅಪ್ಪ. ಆಯಿ ನಗತಾಳ. ಫೋನ್ ಇಟ್ಟ ಮ್ಯಾಲೆ ನಗೂದಿಲ್ಲ.’

ಆಕೆಯ ಮನೆತನದವರೂ ನಮ್ಮ ಮನೆತನದವರೂ ಒಂದೇ ಕುಲದವರು. ಊರ ಹೊರಗಿನ ಓಣಿಯಲ್ಲಿ ಬೆಳೆದು, ನಮ್ಮ ಅಪ್ಪನ ಕಾಲಕ್ಕೆ ಬುದ್ಧನ ಕಡೆ ತಿರುಗಿದವರು. ಗೋಡೆಯ ಮಾಡದಲ್ಲಿಯ ಆ ಬುದ್ಧನ ಫೋಟೋ ನಮ್ಮ ಮನೆಯಲ್ಲೂ ಇತ್ತು. ನಾನು ಅದನ್ನು ಬರೆದಿರಲಿಲ್ಲ. ಆಕೆ ಬರೆದಳು.

ಆ ವರ್ಷ ಸುತ್ತಲಿನ ತಾಲೂಕುಗಳ ಶಾಲಾಮಕ್ಕಳ ಕತೆಗಳನ್ನು ಸೇರಿಸಿ ಒಂದು ಪುಸ್ತಕ ತರುವುದಿತ್ತು. ಅದರ ಸಂಪಾದಕರು ನಮ್ಮ ಹೆಡ್‌ಮಾಸ್ತರರೇ. ಮುರಗೋಡ ಕಡೆಯವರು, ತಲೆಮಾರುಗಳಿಂದ ಶಾಸ್ತ್ರ, ಪುರಾಣ ಓದಿಕೊಂಡು ಬಂದ ಮನೆತನ. ಯಾರ ಮೇಲೂ ದನಿ ಎತ್ತಿದವರಲ್ಲ. ನಾನು ಬರಹ ಕೊಟ್ಟಾಗ ನಿಂತಲ್ಲೇ ಓದಿ, “ಭಾಳ ಛಲೋ ಅದರೀ ಇದು. ಪುಸ್ತಕಕ್ಕ ತಗೋತೀನಿ. ಸ್ವಲ್ಪ ತಿದ್ದಬೇಕಾಗ್ತದ” ಎಂದರು. ಕಾಗುಣಿತದ ತಪ್ಪುಗಳಿದ್ದವು, ಅವನ್ನು ತಿದ್ದುತ್ತಾರೆಂದು ನಾನು ತಿಳಿದೆ.

ಪುಸ್ತಕ ಅಚ್ಚಾಗಿ ಬಂತು. ನುಣುಪು ಕಾಗದ, ಬಣ್ಣದ ಮುಖಪುಟ. ನಾನು, ಆ ಹುಡುಗಿ ಇಬ್ಬರೂ ಸ್ಟಾಫ್ ರೂಮಿನಲ್ಲಿ ನಿಂತು ಆಕೆಯ ಪುಟ ಹುಡುಕಿದೆವು. ‘ನಮ್ಮ ಆಯಿ’ ಎಲ್ಲೂ ಕಾಣಲಿಲ್ಲ. ಕೊನೆಗೆ ಆಕೆಯ ಹೆಸರಿನ ಮೇಲೆ ‘ನನ್ನ ಪ್ರೀತಿಯ ಅಜ್ಜಿ’ ಎಂದು ಸಿಕ್ಕಿತು. ‘ನನ್ನ ಅಜ್ಜಿಯವರು ಪ್ರಾತಃಕಾಲದಲ್ಲಿ ಎದ್ದು, ದೇವರ ಮನೆಯಲ್ಲಿ ದೀಪ ಬೆಳಗಿ, ಬಿಸಿಬಿಸಿ ರೊಟ್ಟಿಗೆ ಬೆಣ್ಣೆ ಹಚ್ಚಿ ನಮಗೆ ಪ್ರೀತಿಯಿಂದ ಬಡಿಸುತ್ತಾರೆ. ಮನೆಗೆ ಬಂದ ಮೂಕಪ್ರಾಣಿಗಳಿಗೂ ಅನ್ನ ನೀಡುತ್ತಾರೆ. ತಂದೆಯವರು ದೂರದ ಊರಿನಲ್ಲಿ ಉದ್ಯೋಗದಲ್ಲಿದ್ದಾರೆ.’ ಪಕ್ಕದಲ್ಲಿ ಚಿತ್ರ. ತೂಗುಮಂಚದ ಮೇಲೆ ಕೂತ, ತುರುಬಿಗೆ ಮಲ್ಲಿಗೆ ಮುಡಿದ, ಬೆಳ್ಳಗಿನ ಒಬ್ಬ ಮುದುಕಿ.

ಹುಡುಗಿ ಎರಡು ಸಲ ಓದಿದಳು. ಆಮೇಲೆ ನನ್ನ ಮುಖ ನೋಡಿ ಕೇಳಿದಳು: “ಇದು ಯಾರ ಆಯಿರಿ, ಟೀಚರ್?”

ಸಂಜೆ ಆಕೆಯ ಜೊತೆ ಮನೆಗೆ ಹೋದೆ. ಆಯಿ ಕಟ್ಟೆಯ ಮೇಲೆ ಕೂತು ಬೆಳ್ಳುಳ್ಳಿ ಸುಲಿಯುತ್ತಿದ್ದಳು. ಮೊಮ್ಮಗಳ ಹೆಸರು ಅಚ್ಚಿನಲ್ಲಿ ಬಂದಿದೆ ಎಂದು ಓಣಿಯಲ್ಲಿ ಆಗಲೇ ಸುದ್ದಿಯಾಗಿತ್ತು. “ಬರ್ರಿ ಅಕ್ಕೋರ, ಕುಂದರ್ರಿ. ಓದ್ರಿ ಕೇಳೋಣು ಏನ್ ಬರದಾಳ ನಮ್ಮ ಹುಡುಗಿ” ಎಂದಳು. ನಾನು ಪುಸ್ತಕವನ್ನು ಹುಡುಗಿಯ ಕೈಗೆ ಕೊಟ್ಟೆ. ಹುಡುಗಿಯೇ ಓದಿದಳು, ತಡವರಿಸದೆ, ಮೊದಲಿನಿಂದ ಕೊನೆಯವರೆಗೆ.

ಆಯಿ ಕೈಕೆಲಸ ನಿಲ್ಲಿಸಿ ಕೇಳಿದಳು. ಮುಗಿದ ಮೇಲೆ ತಲೆದೂಗಿ, “ಭಾಳ ಛಲೋ ಮುದುಕಿ ಐತಿ ಬಿಡ. ಯಾ ಊರಾಕಿ?” ಎಂದಳು.

“ನೀನ ಆಯಿ ಅದು.”

“ನಾನ? ನಾ ಯಾವಾಗ ಬೆಣ್ಣಿ ಹಚ್ಚಿದ್ನೇ ನಿಂಗ?” ಆಯಿ ನನ್ನತ್ತ ತಿರುಗಿದಳು. “ಹುಡುಗಿ ಸುಳ್ಳ ಬರದೈತೇನ್ರಿ, ಅಕ್ಕೋರ?”

ಆಯಿಯ ಆ ಮಾತು ನನ್ನನ್ನು ಸುಟ್ಟಷ್ಟು ಬೇರೆ ಯಾವುದೂ ಸುಟ್ಟಿಲ್ಲ. ನಿಜ ಬರೆದ ಹುಡುಗಿ ತನ್ನ ಆಯಿಯ ಕಣ್ಣಿನಲ್ಲಿ ಸುಳ್ಳಿಯಾಗಿ ನಿಂತಿದ್ದಳು. ನಾನು ಅಲ್ಲೇ ಕೂತು ಆಯಿಗೆ ಮೂಲ ಬರಹವನ್ನು ಬಾಯಿಂದಲೇ ಹೇಳಿದೆ. ನಾಯಿಗಳ ಮಾತು ಬಂದಾಗ ಆಕೆ ಗಟ್ಟಿಯಾಗಿ ನಕ್ಕಳು. ಫೋನಿನ ಮಾತು ಬಂದಾಗ ಬೆಳ್ಳುಳ್ಳಿಯ ಮೊರ ಕೈಗೆತ್ತಿಕೊಂಡಳು. ಸಿಪ್ಪೆ ಕೇರುತ್ತಲೇ, “ಫೋನ್ ಇಟ್ಟ ಮ್ಯಾಲಿಂದ ನೀ ಹ್ಯಾಂಗ ನೋಡಿದೆ?” ಎಂದು ಮೊಮ್ಮಗಳನ್ನು ಕೇಳಿದಳು.

ಮರುದಿನ ಪ್ರಾರ್ಥನೆಗೂ ಮೊದಲೇ ಹೆಡ್‌ಮಾಸ್ತರರ ಕೋಣೆಗೆ ಹೋದೆ.

“ಸರ್, ಆ ಹುಡುಗಿ ಬರದದ್ದು ಎಲ್ಲಿ ಹೋತ್ರಿ?”

“ಯಾಕ್ರಿ, ಹಾಕೀವಲ್ಲ. ಛಲೋ ಚಿತ್ರಾನೂ ಹಾಕಿಸೀನಿ.”

“ಹೆಸರ ಆಕೀದು ಹಾಕೀರಿ. ಆಯಿ ಯಾರದ್ದೋ ಹಾಕೀರಿ.”

ಅವರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. “ನೋಡ್ರಿ, ಇದು ಎಲ್ಲಾ ಮಕ್ಕಳೂ ಓದೋ ಪುಸ್ತಕ. ಅದರಾಗ ಮೀನು ಗೀನು ಯಾಕ ಬೇಕು? ಘಾಟಿ ಅಂತ ಬೈದದ್ದು ಯಾಕ ಬೇಕು? ಆ ಮಗುವಿನ ಮರ್ಯಾದಿ ಉಳೀಲಿ ಅಂತನ ತಿದ್ದೀನಿ ನಾನು.”

“ಮೀನ ತಿಂದ್ರ ಮರ್ಯಾದಿ ಹೊಕ್ಕೈತೇನ್ರಿ?”

“ಹಂಗಲ್ಲ…”

“ನಾನು ಓದಿಸೂ ಪುಸ್ತಕದಾಗ ಆ ಮೆಕ್ಸಿಕೋ ಮುದುಕಿ ಹಬ್ಬಕ್ಕ ಹಂದಿ ಮಾಂಸದ ಅಡಗಿ ಮಾಡ್ತಾಳ್ರಿ. ನೀವು ನೋಡಿ, ಚಿತ್ರ ಭಾಳ ಚಂದ ಅದಾವ ಅಂದಿದ್ರಿ.”

“ಅದು ಅವರ ಸಂಸ್ಕೃತಿರಿ.”

“ಹಂಗಾರ ಇದು ಯಾರದ್ರಿ, ಸರ್?”

ಅವರು ಕನ್ನಡಕ ಮತ್ತೆ ಹಾಕಿಕೊಂಡರು. “ನೀವು ಸಿಟ್ಟಿನ್ಯಾಗ ಇದ್ದೀರಿ. ನಾಳೆ ಮಾತಾಡೋಣ” ಎಂದರು. ಆ ನಾಳೆ ಬರಲೇ ಇಲ್ಲ.

ಅವರು ಕೆಟ್ಟವರಾಗಿದ್ದರೆ ನನಗೆ ಸುಲಭವಾಗುತ್ತಿತ್ತು. ಆ ಹುಡುಗಿಯ ಮೇಲೆ ಅವರಿಗೆ ಮಮತೆ ಇತ್ತು. ಆಕೆಯ ಆಯಿಯನ್ನು ಅಳಿಸಿ, ಆ ಜಾಗದಲ್ಲಿ ತಮ್ಮ ಅಜ್ಜಿಯನ್ನು ಕೂರಿಸಿ, ಅದನ್ನೇ ಉಪಕಾರವೆಂದು ನಂಬಿದ್ದರು. ಬೈದವನಿಗೆ ತಿರುಗಿ ಬೈಯಬಹುದು. ತಲೆ ಸವರುತ್ತ ನಿನ್ನ ಮನೆ ಪುಸ್ತಕಕ್ಕೆ ತಕ್ಕದ್ದಲ್ಲ ಎನ್ನುವವನಿಗೆ ಏನು ಮಾಡುವುದು?

ಪುಸ್ತಕದ ಬಿಡುಗಡೆ ಸವದತ್ತಿಯ ಒಂದು ಸಭಾಭವನದಲ್ಲಿತ್ತು. ಆಯ್ದ ಮಕ್ಕಳು ತಮ್ಮ ಕತೆ ಓದಬೇಕು. ಆಕೆಯ ಹೆಸರೂ ಇತ್ತು. ಬೇಡವಾದರೆ ಹೋಗುವುದು ಬೇಡ ಎಂದು ನಾನು ಹೇಳಿದೆ. “ಹೋಗೂಣ್ರಿ” ಎಂದಳು. ಆಯಿ ಆಕೆಗೆ ಎಣ್ಣೆ ಹಚ್ಚಿ ಜಡೆ ಹೆಣೆದು ಕಳಿಸಿದ್ದಳು.

ವೇದಿಕೆಯ ಮೇಲೆ ಹೋಗಿ, ಪುಸ್ತಕ ತೆರೆದು, ಅಚ್ಚಾದದ್ದನ್ನೇ ಓದತೊಡಗಿದಳು. ಪ್ರಾತಃಕಾಲ ಆಯಿತು, ದೇವರ ಮನೆ ಆಯಿತು. ಬೆಣ್ಣೆಯ ಹತ್ತಿರ ಬಂದು ನಿಂತಳು. ಮರೆತಿದ್ದಾಳೆಂದು ಎಲ್ಲರೂ ತಿಳಿದರು. ಆಕೆ ಪುಸ್ತಕ ಮುಚ್ಚಿ ಮೈಕಿನಲ್ಲಿ ಹೇಳಿದಳು: “ನಮ್ಮ ಆಯಿ ಬೆಣ್ಣಿ ಹಚ್ಚೂದಿಲ್ರಿ. ನಮ್ಮ ಮನ್ಯಾಗ ಒಣಮೀನ ಸುಡತಾರ್ರಿ.”

ಸಭೆ ನಕ್ಕಿತು. ಮುಂದಿನ ಸಾಲಿನಲ್ಲಿ ಶಾಲು ಹೊದ್ದು ಕೂತವರು ಒಬ್ಬರನ್ನೊಬ್ಬರು ನೋಡಿ ನಕ್ಕರು. ನಿರೂಪಣೆ ಮಾಡುತ್ತಿದ್ದವರು ಓಡಿ ಬಂದು ಮೈಕ್ ಹಿಡಿದು, “ಮಕ್ಕಳ ಮುಗ್ಧತೆಗೆ ಒಂದು ಜೋರಾದ ಚಪ್ಪಾಳೆ” ಎಂದರು. ಚಪ್ಪಾಳೆಯೂ ಬಿತ್ತು. ಆಕೆ ಕೆಳಗಿಳಿಯಲಿಲ್ಲ. ಮೈಕಿಲ್ಲದೆ, ಕೈ ಎರಡೂ ಮೈಗಂಟಿಸಿಕೊಂಡು, ತನ್ನ ಬರಹವನ್ನು ಮೊದಲಿನಿಂದ ಹೇಳುತ್ತ ನಿಂತಳು. ಮುಂದಿನ ಕೆಲವು ಸಾಲು ದಾಟಿ ದನಿ ಬರುತ್ತಿರಲಿಲ್ಲ. ನಾನು ಎದ್ದು ಹೋಗಿ ಮೈಕ್ ಕೊಡಿ ಎಂದು ಕೇಳಿದೆ. ಸಮಯದ ಅಭಾವ ಎಂದರು. ಇನ್ನೊಮ್ಮೆ ಕೇಳಿದೆ. ಮುಂದಿನ ಮಗುವಿನ ಹೆಸರು ಕರೆದರು. ಆ ಮಗು ಬಂದು ಪಕ್ಕದಲ್ಲಿ ನಿಂತುಕೊಂಡಿತು, ಆದರೆ ನಮ್ಮ ಹುಡುಗಿ ಮುಗಿಸುವವರೆಗೆ ಬಾಯಿ ತೆರೆಯಲಿಲ್ಲ. ಅಲ್ಲಿದ್ದವರಲ್ಲಿ ಸಭ್ಯತೆ ತೋರಿದ್ದು ಅದೊಂದೇ.

ಬಸ್ ಸ್ಟ್ಯಾಂಡಿನಲ್ಲಿ ಆಕೆ ಮಿರ್ಚಿ ಭಜಿ ತಿಂದಳು. “ಪೂರ್ತಿ ಹೇಳಿದ್ನಿ, ಟೀಚರ್” ಎಂದಳು. “ಹೌದು, ಪೂರ್ತಿ ಹೇಳಿದಿ” ಎಂದೆ. ಹೆಡ್‌ಮಾಸ್ತರರು ಬೇರೆ ಬಸ್ಸಿಗೆ ಹೋದರು.

ಅದಾದ ಮೇಲೆ ನನ್ನ ಇಂಗ್ಲಿಷ್ ಪುಸ್ತಕಗಳು ಕಪಾಟಿಗೆ ಹೋದವು, ಕಪಾಟಿಗೆ ಕೀಲಿ ಬಿತ್ತು. ಪಠ್ಯಕ್ಕೆ ಸಂಬಂಧವಿಲ್ಲದ ಪುಸ್ತಕ ತರಗತಿಯಲ್ಲಿ ಓದಿಸಬಾರದೆಂದು ಹೆಡ್‌ಮಾಸ್ತರರು ಬಾಯಿಮಾತಿನಲ್ಲಿ ತಿಳಿಸಿದರು. ಪುಸ್ತಕಗಳು ನನ್ನವು. ಕೀಲಿ ತೆಗೆಸಿ, ಚೀಲಕ್ಕೆ ತುಂಬಿ ಹೊತ್ತುಕೊಂಡು ಬಂದೆ. ರವಿವಾರದಂದು ಆ ಹುಡುಗಿಯ ಓಣಿಯ ಕಟ್ಟೆಯ ಮೇಲೆ ಓದತೊಡಗಿದೆ. ಶಾಲೆಯಲ್ಲಿ ಇರುತ್ತಿದ್ದುದಕ್ಕಿಂತ ಹೆಚ್ಚು ಮಕ್ಕಳು ಬಂದರು, ಅವರ ಹಿಂದೆ ಅವರ ಅವ್ವಂದಿರೂ ಬಂದರು. ಆ ಮೆಕ್ಸಿಕೋ ಮುದುಕಿಯ ರೊಟ್ಟಿ ದಪ್ಪವೋ ತೆಳ್ಳಗೋ ಎಂಬ ಬಗ್ಗೆ ದೊಡ್ಡ ವಾದವೇ ನಡೆಯಿತು.

ಅಲ್ಲೇ ನಾವು ‘ನಮ್ಮ ಆಯಿ’ಯನ್ನು ಪುಸ್ತಕ ಮಾಡಿದೆವು. ಮಕ್ಕಳು ಚಿತ್ರ ಬರೆದರು. ಆಯಿ ತನ್ನ ಮೂಗು ದೊಡ್ಡದಾಗಿದೆಯೆಂದು ತಕರಾರು ತೆಗೆದಳು; ಇರುವುದೇ ಅಷ್ಟು ಎಂದು ಓಣಿಯವರು ಆಕೆಯ ಬಾಯಿ ಮುಚ್ಚಿಸಿದರು. ರಾಮದುರ್ಗದ ಝೆರಾಕ್ಸ್ ಅಂಗಡಿಯಲ್ಲಿ ಪ್ರತಿ ತೆಗೆಸಿ, ದಾರದಿಂದ ನಾವೇ ಹೊಲಿದೆವು. ಒಂದು ಪ್ರತಿ ಕಿತ್ತೂರಿನ ನನ್ನ ಗೆಳತಿಗೆ ಕಳಿಸಿದೆ, ಆಕೆಯೂ ಶಿಕ್ಷಕಿ. ತನ್ನ ತರಗತಿಯಲ್ಲಿ ಓದಿದಾಗ ಮಕ್ಕಳು ನಾಯಿಯ ಪುಟವನ್ನು ಮತ್ತೆ ಮತ್ತೆ ಓದಿಸಿದರೆಂದು ಫೋನಿನಲ್ಲಿ ಹೇಳಿದಳು.

ಸುದ್ದಿ ಹೆಡ್‌ಮಾಸ್ತರರಿಗೂ ಮುಟ್ಟಿತು. ಒಂದು ದಿನ ಅವರೇ ಸ್ಟಾಫ್ ರೂಮಿಗೆ ಬಂದು, ಪುಸ್ತಕ ಕೇಳಿ ಪಡೆದು, ಕೂತು ಓದಿದರು. ಕೊನೆಯ ಪುಟ ಓದಿ, ನಡುವಿನ ಒಂದು ಪುಟಕ್ಕೆ ತಿರುಗಿ ಹೋದರು. ಆಮೇಲೆ ಮೆಲ್ಲಗೆ, “ಇದನ್ನ ನಮ್ಮ ಶಾಲೆ ಲೈಬ್ರರಿಯೊಳಗ ಇಡೋಣ. ಈ ಮೀನಿಂದೊಂದು ಪುಟ ತಗದುಬಿಡ್ರಿ, ಸಾಕು. ಉಳಿದದ್ದೆಲ್ಲಾ ಹಂಗ ಇರಲಿ” ಎಂದರು. ಅವರ ಮಟ್ಟಿಗೆ ಅದು ಬಹಳ ಮುಂದೆ ಬಂದ ಹಾಗೆ.

“ಆಗೂದಿಲ್ರಿ, ಸರ್.”

“ಒಂದ ಪುಟರಿ.”

“ಆ ಪುಟದಾಗನ ಆಕಿ ಆಯಿ ಅದಾಳ್ರಿ.”

ಪುಸ್ತಕವನ್ನು ನನ್ನ ಕೈಗೆ ಕೊಟ್ಟು ಹೋದರು. ಅದು ನಮ್ಮ ಶಾಲೆಯ ಲೈಬ್ರರಿಯಲ್ಲಿ ಇಂದಿಗೂ ಇಲ್ಲ. ಕಟಕೋಳದ ಒಬ್ಬ ಟೇಲರ್ ಅಂಗಡಿಯಲ್ಲಿದೆ, ಹಾಲಿನ ಡೇರಿಯಲ್ಲಿದೆ, ಗೋವಾದ ಒಂದು ಕಟ್ಟಡದ ಶೆಡ್ಡಿನಲ್ಲೂ ಇದೆ. ಬಂದು ಕೂತವರು ಓದುತ್ತಾರೆ, ಓದು ಬಾರದವರು ಓದಿಸಿ ಕೇಳುತ್ತಾರೆ.

ಹೆಡ್‌ಮಾಸ್ತರರು ಈಗ ನಿವೃತ್ತರಾಗಿದ್ದಾರೆ. ಪೇಟೆಯಲ್ಲಿ ಸಿಕ್ಕರೆ ನಮಸ್ಕಾರ ಎನ್ನುತ್ತೇನೆ, ಅವರೂ ಮನೆಯವರ ಯೋಗಕ್ಷೇಮ ಕೇಳುತ್ತಾರೆ. ಹಳೆಯದೆಲ್ಲ ಮುಗಿಯಿತೆಂದು ಅವರ ಭಾವನೆ. ನನಗೆ ಮುಗಿದಿಲ್ಲ. ನಿಮಗೇಕೆ ಇಷ್ಟು ಸಿಟ್ಟು, ಆದದ್ದಾದರೂ ಏನು, ಒಂದು ಮಗುವಿನ ಕತೆ ತಿದ್ದಿದರು ಅಷ್ಟೇ ಅಲ್ಲವೇ ಎಂದು ಸಹೋದ್ಯೋಗಿಗಳು ಕೇಳುತ್ತಾರೆ. ಅಷ್ಟೇ. ಎಷ್ಟು ಮಕ್ಕಳ ಎಷ್ಟು ಆಯಿಯರನ್ನು ಹೀಗೆ ತಿದ್ದಿ ತಿದ್ದಿ ಮುಗಿಸಿದ್ದಾರೆಂದು ನೆನೆದರೆ ನನಗೆ ಊಟ ರುಚಿಸುವುದಿಲ್ಲ.

ಹುಡುಗಿ ಈಗ ರಾಮದುರ್ಗದಲ್ಲಿ ಕಾಲೇಜು ಓದುತ್ತಿದ್ದಾಳೆ. ಹೋದ ತಿಂಗಳು ನಮ್ಮ ಮನೆಗೆ ಬಂದಿದ್ದಳು. ಕಟ್ಟಡ ಕೆಲಸದವರ ಮಕ್ಕಳ ಬಗ್ಗೆ ಏನೋ ದೊಡ್ಡದನ್ನು ಬರೆಯುತ್ತಿದ್ದಾಳಂತೆ. ತನ್ನ ವಯಸ್ಸಿನವರು ಓದುವಂಥದ್ದು. ಅದರಲ್ಲಿ ಬೈಗಳಿವೆ, ಕನ್ನಡ, ಕೊಂಕಣಿ, ಹಿಂದಿ ಎಲ್ಲ ಕಲೆತಿವೆ, ಅರ್ಥ ಕೊಡಬೇಕೇ ಎಂದು ಕೇಳಿದಳು.

“ಯಾರಿಗೆ ಬೇಕೋ ಅವ್ರು ಕೇಳಿ ತಿಳ್ಕೋತಾರ” ಎಂದೆ.

ಆಕೆ ಚಹ ಕುಡಿದು, ಕಪ್ಪು ತೊಳೆದಿಟ್ಟು, ಬಸ್ಸಿಗೆ ಹೊತ್ತಾಯಿತೆಂದು ಹೊರಟಳು.